“ಬಡ್ತಿ ಬಂತಲ್ಲ ಮೇಡಂ, ಇನ್ನೇನು ಬೇಕು?”

ನಮ್ಮ ಕೇಸ್ ವರ್ಕರ್ ಬುಧವಾರ ಹೇಳಿದ ಈ ಮಾತು ಇನ್ನೂ ತಲೆಯಿಂದ ಹೋಗಿಲ್ಲ. ಹೇಳಿಸಿಕೊಂಡವರು ನಮ್ಮ ಕಚೇರಿಯಲ್ಲೇ ಎಫ್‌ಡಿಎ, ಅಂದರೆ ಪ್ರಥಮ ದರ್ಜೆ ಸಹಾಯಕಿ ಆಗಿ ನಿವೃತ್ತರಾದ ಮೇಡಂ. ತಪ್ಪಿಹೋದ ಬಡ್ತಿಗಾಗಿ ಕೆಎಟಿಯಲ್ಲಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಗೆದ್ದ ಮೇಲೆ ಇಲಾಖೆ ಕೊನೆಗೂ ಬಡ್ತಿ ಆದೇಶ ಹೊರಡಿಸಿದೆ. ಪೆನ್ಷನ್ ಪರಿಷ್ಕರಣೆಗೆ ಸರ್ವಿಸ್ ರಿಜಿಸ್ಟರ್ ಎ.ಜಿ. (ಮಹಾಲೇಖಪಾಲರ) ಆಫೀಸಿಗೆ ಹೋಗಬೇಕಲ್ಲ, ಅದನ್ನು ವಿಚಾರಿಸಲು ಬಂದಿದ್ದರು. ಹುಡುಗ ಕೆಟ್ಟವನಲ್ಲ. ಸೋಮಾರಿ, ಅಷ್ಟೇ. ಮೊಬೈಲಿನಿಂದ ತಲೆಯೆತ್ತದೆ ಇನ್ನೇನು ಬೇಕು ಅಂದುಬಿಟ್ಟ.

ಮೇಡಂ ಸಿಟ್ಟಾಗಲಿಲ್ಲ. ಆದೇಶದ ಕೊನೆಯ ಪ್ಯಾರಾ ಮೇಲೆ ಬೆರಳಿಟ್ಟು, “ಇದನ್ನೊಂದು ಓದಪ್ಪ” ಅಂದರು. ಕಿರಿಯರು ಅಧೀಕ್ಷಕರಾದ ದಿನದಿಂದಲೇ ಇವರಿಗೂ ಕಾಲ್ಪನಿಕ ಬಡ್ತಿಯಂತೆ, ಅಂದರೆ ಬರೀ ಕಾಗದದ ಮೇಲಿನ ಬಡ್ತಿ. ಪೆನ್ಷನ್‌ಗೆ ಲೆಕ್ಕ ಹಿಡಿಯುತ್ತಾರಂತೆ. ಆದರೆ ಆ ಹುದ್ದೆಯಲ್ಲಿ ಕೆಲಸ ಮಾಡಿಲ್ಲವಾದ್ದರಿಂದ ಸಂಬಳದ ಹಿಂಬಾಕಿ ಇಲ್ಲ.

ಕೆಲಸ ಮಾಡಿಲ್ಲವಂತೆ! ಅಧೀಕ್ಷಕರ ಹುದ್ದೆ ಖಾಲಿ ಬಿದ್ದಾಗಲೆಲ್ಲ ಪ್ರಭಾರ ಅಂತ ಕೂರಿಸಿದ್ದು ಇವರನ್ನೇ. ಅಧಿವೇಶನ ಬಂದರೆ ಸಂಜೆ ಏಳಕ್ಕೆ ಪ್ರಶ್ನೆ ಬರುತ್ತಿತ್ತು, ಬೆಳಿಗ್ಗೆಯೊಳಗೆ ಉತ್ತರ ಹೋಗಬೇಕು. ಶಾಖೆಯಲ್ಲಿ ಕೂತು ನಮ್ಮ ಕರಡನ್ನು ತಿದ್ದಿ ತಿದ್ದಿ ಕಳಿಸುತ್ತಿದ್ದವರು ಯಾರು? ನನಗೆ ಟಿಪ್ಪಣಿ ಬರೆಯೋದು ಕಲಿಸಿದ್ದೂ ಅವರೇ.

ಆಗಿದ್ದು ಇಷ್ಟು. ಮುಂಬಡ್ತಿ ಸಮಿತಿ ಸೇರುವ ಹೊತ್ತಿಗೆ ಸರಿಯಾಗಿ ಇವರ ಮೇಲೊಂದು ಮೂಗರ್ಜಿ ಬಂತು. ಕಡತದಲ್ಲಿ ‘ವಿಚಾರಣೆ ಬಾಕಿ’ ಅಂತ ಬರೆದು ಹೆಸರು ಬಿಟ್ಟರು. ಆರೋಪ ಪಟ್ಟಿ ಮಾತ್ರ ಇವತ್ತಿನವರೆಗೂ ಬಂದಿಲ್ಲ. ಆರೋಪ ಪಟ್ಟಿ ಜಾರಿಯಾಗದೆ, ಬರೀ ವಿಚಾರಣೆ ನಡೀತಿದೆ ಅಂತ ಬಡ್ತಿ ತಡೆಹಿಡಿಯುವಂತಿಲ್ಲ ಅಂತ ಸುಪ್ರೀಂ ಕೋರ್ಟ್ 1991ರಲ್ಲೇ ಜಾನಕಿರಾಮನ್ ಪ್ರಕರಣದಲ್ಲಿ ಹೇಳಿಯಾಗಿದೆ. ಸರ್ವಿಸ್ ಪರೀಕ್ಷೆ ಪಾಸು ಮಾಡಿದ ನಮ್ಮ ಸಾಹೇಬರಿಗೆ ಇದು ಗೊತ್ತಿರಲಿಲ್ಲವಾ? ಎಲ್ಲರೂ ಅವರನ್ನು ಒಳ್ಳೆ ಮನುಷ್ಯ ಅನ್ನುತ್ತಾರೆ. ನನಗಂತೂ ಬರೀ ಪುಕ್ಕಲು ಅನಿಸುತ್ತದೆ. ‘ಆಧಾರವಿಲ್ಲ, ಮುಕ್ತಾಯಗೊಳಿಸಬಹುದು’ ಅಂತ ಒಂದು ಸಾಲು ಬರೆದಿದ್ದರೆ ಕೇಸೇ ಇರುತ್ತಿರಲಿಲ್ಲ.

ಅದೇ ತೀರ್ಪಿನಲ್ಲಿ ಇನ್ನೊಂದು ಮಾತಿದೆ. ಕೆಲಸ ಮಾಡಲು ಸಿದ್ಧವಿದ್ದವರನ್ನು, ಅವರದೇನೂ ತಪ್ಪಿಲ್ಲದೆ ಮೇಲಿನವರೇ ದೂರ ಇಟ್ಟಿದ್ದರೆ, ‘ಕೆಲಸವಿಲ್ಲದಿದ್ದರೆ ಸಂಬಳವಿಲ್ಲ’ ಅನ್ನುವ ಸಾಮಾನ್ಯ ನಿಯಮ ಅನ್ವಯಿಸುವುದಿಲ್ಲ. ಇದನ್ನು ಓದಿದಾಗ ಗೆದ್ದೇಬಿಟ್ಟೆವು ಅನಿಸಿತ್ತು. ಆಮೇಲೆ ವಕೀಲರು 2024ರ ಪಶ್ಚಿಮ ಬಂಗಾಳದ ಪ್ರಕರಣ ತೋರಿಸಿದರು. ಅಲ್ಲಿನ ನೌಕರರೊಬ್ಬರು 2016ರ ಡಿಸೆಂಬರ್ 31ಕ್ಕೆ ನಿವೃತ್ತರಾಗಿದ್ದರು, ಬಡ್ತಿಗೆ ಅಂತಿಮ ಒಪ್ಪಿಗೆ ಬಂದಿದ್ದು ಜನವರಿ ಮೊದಲ ವಾರ. ಮೇಲಿನ ಹುದ್ದೆಯ ಕೆಲಸ ವಹಿಸಿಕೊಂಡ ದಿನದಿಂದಷ್ಟೇ ಬಡ್ತಿ, ನಿವೃತ್ತಿಯ ನಂತರ ಹಿಂದಿನಿಂದ ಜಾರಿಗೆ ಬರುವಂತೆ ಕೊಡಲಾಗದು ಅಂತ ಸುಪ್ರೀಂ ಕೋರ್ಟ್ ಹೇಳಿತು. ಬಡ್ತಿಗೆ ಪರಿಗಣಿಸಬೇಕು ಅನ್ನೋದು ಹಕ್ಕು, ಬಡ್ತಿಯೇ ಹಕ್ಕಲ್ಲ. ಕಾನೂನಿನ ಲೆಕ್ಕದಲ್ಲಿ ಸರಿ ಇರಬಹುದು. ಆದರೆ ಫೈಲು ಮೇಜಿನ ಮೇಲೆ ಕೊಳೆತಷ್ಟೂ ಸರ್ಕಾರಕ್ಕೆ ಉಳಿತಾಯ ಅಂತಾದರೆ, ಬೇಗ ಕಳಿಸಿ ಅಂತ ಯಾರಿಗೆ ಹೇಳೋದು?

ಇನ್ನೇನು ಬೇಕು ಅಂದನಲ್ಲ, ಕೇಳಿದ್ದು ಅವನಾದರೂ ಇಡೀ ವ್ಯವಸ್ಥೆ ಕೇಳುವುದೂ ಇದನ್ನೇ. ತಡ ಮಾಡಿದವರ ಹೆಸರು ಆದೇಶದಲ್ಲಿ ಎಲ್ಲೂ ಇಲ್ಲ. ಅವರಿಗೆ ಬಡ್ತಿ ಸರಿಯಾದ ಸಮಯಕ್ಕೆ ಸಿಕ್ಕಿತು, ಪೂರ್ತಿ ಸಂಬಳ ಸಮೇತ. ವಕೀಲರ ಫೀಸು, ಅರವತ್ತಕ್ಕೆ ಎಫ್‌ಡಿಎ ಅಂತಲೇ ಹಾಕಿಸಿಕೊಂಡ ಹಾರ, ತಾನೇ ಕೆಲಸ ಕಲಿಸಿ, ತನಗಿಂತ ಮೊದಲು ಅಧೀಕ್ಷಕನಾದ ಕಿರಿಯನಿಗೆ ರಜೆ ಅರ್ಜಿ ಕೊಡಬೇಕಾದ ಸ್ಥಿತಿ, ಎಲ್ಲ ಮೇಡಂ ಪಾಲಿಗೆ.

ಹೈಕೋರ್ಟಿಗೆ ಹೋಗೋದಾ ಬೇಡವಾ ಅಂತ ಅವರಿನ್ನೂ ನಿರ್ಧರಿಸಿಲ್ಲ. ಮನೆಯಲ್ಲಿ ಸಾಕು ಬಿಡು ಅನ್ನುತ್ತಿದ್ದಾರಂತೆ. ನಾನು ಹೋಗಿ ಮೇಡಂ ಅಂದೆ. ಅವರ ಪ್ರಭಾರದ ಆದೇಶಗಳ ನಕಲು ರೆಕಾರ್ಡ್ ರೂಮಿನಲ್ಲಿರಬೇಕು. ಆ ಹುಡುಗನನ್ನೇ ಜೊತೆಗೆ ಕರೆದುಕೊಂಡು ಹೋಗಿ ಹುಡುಕಿಸುತ್ತಿದ್ದೇನೆ. ಎರಡು ಸಿಕ್ಕಿವೆ.