ಒಂದೇ ದನಿಯ ಸಿನಿಮಾಗಳು

ನಿನ್ನೆ ಅಟ್ಟ ಗುಡಿಸುವಾಗ ಬೂಷ್ಟು ಹಿಡಿದ ವಿಡಿಯೋ ಕ್ಯಾಸೆಟ್ಟೊಂದು ಸಿಕ್ಕಿತು. ಅದನ್ನು ಎಸೆಯಲು ಮನಸ್ಸಾಗದೆ ಕೈಯಲ್ಲಿ ಹಿಡಿದು ಕುಳಿತಾಗ, ಎಲ್ಲಿಂದ ಎಲ್ಲಿಗೋ, ನೆನಪಾದದ್ದು ರುಮೇನಿಯಾ.

ಕಮ್ಯುನಿಸ್ಟ್ ಸರ್ವಾಧಿಕಾರಿ ಚೌಷೆಸ್ಕು ಆಡಳಿತದ ಕೊನೆಯ ವರ್ಷಗಳಲ್ಲಿ ಅಲ್ಲಿನ ಸರ್ಕಾರಿ ಟಿ.ವಿ.ಯ ಪ್ರಸಾರ ವಾರದ ದಿನಗಳಲ್ಲಿ ಎರಡು ಗಂಟೆಗೆ ಇಳಿದಿತ್ತು, ಅದರಲ್ಲಿಯೂ ನಾಯಕನ ಗುಣಗಾನವೇ ಹೆಚ್ಚು. ಆ ಕಾಲದಲ್ಲಿ ತೆಯೊಡೊರ್ ಜಾಂಫಿರ್ ಎಂಬಾತ ಪಾಶ್ಚಾತ್ಯ ಸಿನಿಮಾಗಳ ಟೇಪುಗಳನ್ನು ಗಡಿಯಾಚೆಯಿಂದ ಕದ್ದುಮುಚ್ಚಿ ತರಿಸಿ, ಪ್ರತಿ ಮಾಡಿಸಿ ಮಾರುವ ದೊಡ್ಡ ಜಾಲವನ್ನೇ ಕಟ್ಟಿದ. ಅವುಗಳಿಗೆ ರುಮೇನಿಯನ್ ಮಾತು ಕೊಟ್ಟವರು ಇರಿನಾ ಮಾರ್ಗರೆಟಾ ನಿಸ್ಟೊರ್. ಅದೇ ಸರ್ಕಾರಿ ಟಿ.ವಿ.ಯಲ್ಲಿ ಅನುವಾದಕಿಯಾಗಿದ್ದ ಆಕೆ 1985ರ ನಂತರ 3,000ಕ್ಕೂ ಹೆಚ್ಚು ಚಿತ್ರಗಳಿಗೆ, ನಾಯಕ, ನಾಯಕಿ, ಖಳ, ಮಗು ಎಂಬ ಭೇದವಿಲ್ಲದೆ, ಒಬ್ಬರೇ ದನಿಯಾದರು. ಒರಟು ಬೈಗುಳಗಳು ಮಾತ್ರ ಅವರ ಬಾಯಲ್ಲಿ ಸೌಮ್ಯವಾಗಿಬಿಡುತ್ತಿದ್ದವು. (ಗುಂಡು ಹಾರಿಸುವವನೂ ಗುಂಡು ತಿಂದವನೂ ಅದೇ ಹೆಣ್ಣುದನಿಯಲ್ಲಿ ಮಾತಾಡುವುದನ್ನು ಒಮ್ಮೆ ಊಹಿಸಿಕೊಳ್ಳಿ.)

ಕ್ಯಾಸೆಟ್ಟು ಓಡಿಸುವ ವಿಸಿಆರ್ ಎಂಬ ಯಂತ್ರ ಕಾರಿನಷ್ಟೇ ದುಬಾರಿಯಾಗಿದ್ದ ದೇಶದಲ್ಲಿ, ಅದಿದ್ದವರ ಮನೆಯಲ್ಲಿ ನೆರೆಹೊರೆಯವರು ಪರದೆ ಎಳೆದುಕೊಂಡು ರಾತ್ರಿಯಿಡೀ ಕೂರುತ್ತಿದ್ದರು. ಪ್ರತಿಯ ಪ್ರತಿಯಾಗುತ್ತಾ ಚಿತ್ರ ಮಂಜಾಗುತ್ತಿದ್ದರೂ, ಪಡಿತರಕ್ಕಾಗಿ ಸಾಲು ನಿಂತು ಬಂದವರ ಕಣ್ಣು ಕಥೆಗಿಂತ ಹೆಚ್ಚಾಗಿ ಅದರ ಹಿಂದಿನ ತುಂಬಿದ ಅಂಗಡಿ, ಬೆಳಗುವ ಬೀದಿಗಳ ಮೇಲೆಯೇ ನೆಟ್ಟಿದ್ದಿರಬೇಕು ಎಂದು ನನಗನ್ನಿಸುತ್ತದೆ. ಕತ್ತರಿ ಹಿಡಿದ ಸೆನ್ಸಾರ್ ಅಧಿಕಾರಿಗಳಿಗೆ ಹೊಳೆಯದೇ ಹೋದದ್ದು ಬಹುಶಃ ಇದೇ.

ನನ್ನ ಕ್ಯಾಸೆಟ್ಟಿನ ಮೇಲಿನ ಬರಹ ಅಳಿಸಿಹೋಗಿದೆ. ಹಾಕಿ ನೋಡೋಣವೆಂದರೆ ಮನೆಯಲ್ಲಿ ಈಗ ವಿಸಿಆರ್ ಇಲ್ಲ.