ಹೌದು, ಸ್ಟೇಜಿಗೆ ನುಗ್ಗಿದವನು ಅವನೇ. ಆಮೇಲೆ?

ಬ್ರಿಟನ್ನಿನ ಪಲ್ಪ್ ಅನ್ನುವ ರಾಕ್ ಬ್ಯಾಂಡಿನ ಗಾಯಕ ಜಾರ್ವಿಸ್ ಕಾಕರ್ ಅಂದರೆ ನನಗೆ ಇಷ್ಟ. ಹಾಗಂದ ಕೂಡಲೇ ಬರುವ ಪ್ರಶ್ನೆ ಒಂದೇ: "ಮೈಕೆಲ್ ಜಾಕ್ಸನ್ ಹಾಡುವಾಗ ಸ್ಟೇಜಿಗೆ ನುಗ್ಗಿದವನಲ್ವಾ?"

ಹೌದು, ಅವನೇ. 1996ರ ಫೆಬ್ರವರಿ, ಲಂಡನ್ನಿನಲ್ಲಿ ಬ್ರಿಟ್ ಸಂಗೀತ ಪ್ರಶಸ್ತಿ ಸಮಾರಂಭ. ಜಾಕ್ಸನ್ ಸುತ್ತ ಮಕ್ಕಳನ್ನು ನಿಲ್ಲಿಸಿಕೊಂಡು ಏಸುವಿನ ಹಾಗೆ ಕೈ ಚಾಚಿ ಹಾಡುತ್ತಿದ್ದ. ಇವನಿಗೆ ಅದು ಅತಿಯಾಯಿತು ಅನ್ನಿಸಿತು. ಸ್ಟೇಜ್ ಹತ್ತಿದ, ಬಗ್ಗಿ ಹಿಂಭಾಗ ತೋರಿಸಿ ಕೈ ಬೀಸಿದ. ಮಕ್ಕಳಿಗೆ ಪೆಟ್ಟಾಯಿತು ಅಂತ ದೂರು ಬಂದು ಪೊಲೀಸರು ವಿಚಾರಿಸಿದರು, ಆದರೆ ಕೇಸು ಹಾಕಲಿಲ್ಲ. ಠಾಣೆಯಲ್ಲಿ ಅವನ ಪರ ನಿಂತವನು ಬಾಬ್ ಮಾರ್ಟಿಮರ್ ಅನ್ನುವ ಕಾಮಿಡಿಯನ್, ಹಿಂದೆ ವಕೀಲನಾಗಿದ್ದವನು. ಈ ಒಂದು ವಿವರ ಮಾತ್ರ ನನಗೂ ಹೇಳೋಕೆ ಖುಷಿ.

ಒಮ್ಮೆ ಗೃಹಪ್ರವೇಶದ ಪಂಕ್ತಿಯಲ್ಲಿ ಭಾವ ಇಡೀ ಸಾಲಿಗೆ ಕೇಳುವ ಹಾಗೆ, "ಪ್ಯಾಂಟ್ ಬಿಚ್ಚಿದನಲ್ಲ, ನಿನ್ನ ಹೀರೋ!" ಅಂದರು. ಬಿಚ್ಚಲಿಲ್ಲ ಭಾವ, ಅಂದೆ. ವಿಡಿಯೋ ಇದೆ ಅಂದರು. ಸಾರಿನ ಬಕೆಟ್ ಹಿಡಿದು ನಿಂತ ಬಡಿಸುವವನನ್ನೂ ಕಾಯಿಸಿ, ಮೊಬೈಲಿನಲ್ಲಿ ಹುಡುಕಿ ತೋರಿಸಿದರು. ಪ್ಯಾಂಟ್ ಇತ್ತು. "ಅದು ಎಡಿಟ್ ಮಾಡಿರೋದು" ಅಂದರು. ಇವರಿಗೆ ಏನು ಹೇಳೋದು?

ಯಾರಾದರೂ ಕೇಳಲಿ ಅಂತ ನಾನು ಕಾಯುತ್ತಿರುವ ಪ್ರಶ್ನೆ ಬೇರೆ. 1978ರಿಂದ ಸುಮಾರು ಹದಿನೈದು ವರ್ಷ ಯಾರೂ ಕ್ಯಾರೇ ಅನ್ನದಿದ್ದಾಗ ಇವನು ಏನು ಮಾಡುತ್ತಿದ್ದ?

ಶೆಫೀಲ್ಡ್‌ನಲ್ಲಿ ಬ್ಯಾಂಡ್ ಕಟ್ಟಿದಾಗ ಹದಿನೈದರ ಹುಡುಗ. ಮೊದಲ ಹೆಸರು ಅರಬಿಕಸ್ ಪಲ್ಪ್. ಎಕನಾಮಿಕ್ಸ್ ಕ್ಲಾಸಿನಲ್ಲಿ ನೋಡಿದ ಪತ್ರಿಕೆಯ ಕಾಫಿ ದರದ ಪಟ್ಟಿಯಿಂದ ಎತ್ತಿದ್ದು. (ಮಲೆನಾಡಿನ ನಮ್ಮ ನೆಂಟರ ಕಿವಿ ನೆಟ್ಟಗಾಗುವುದು ಇಲ್ಲಿ ಮಾತ್ರ.) 1981ರಲ್ಲೇ ಬಿಬಿಸಿಯ ಡಿಜೆ ಜಾನ್ ಪೀಲ್ ತನ್ನ ರೇಡಿಯೋ ಕಾರ್ಯಕ್ರಮದಲ್ಲಿ ಅವಕಾಶ ಕೊಟ್ಟ. ಇನ್ನೇನು ಗೆದ್ದೆವು ಅನ್ನುವಷ್ಟರಲ್ಲಿ ಜೊತೆಯವರು ಓದೋಕೆ ಹೊರಟರು. 1983ರ ಆಲ್ಬಮ್ ಬಂದಿದ್ದೂ ಹೋಗಿದ್ದೂ ಯಾರಿಗೂ ಗೊತ್ತಾಗಲಿಲ್ಲ. 1985ರಲ್ಲಿ ಹುಡುಗಿಯೊಬ್ಬಳ ಮುಂದೆ ಮೆರೆಯೋಕೆ ಹೋಗಿ ಕಿಟಕಿಯಿಂದ ಬಿದ್ದ. ಕೆಲವು ಕಾಲ ವೀಲ್‌ಚೇರಿನಲ್ಲಿ ಕೂತೇ ಹಾಡಿದ.

ಇಷ್ಟು ಹೇಳಿದರೆ ಜನ "ನೋಡಿ, ಛಲ ಬಿಡಬಾರದು" ಅಂತಾರೆ. ಅಯ್ಯೋ, ಅವನು ಬಿಟ್ಟ! 1988ರಲ್ಲಿ ಸಿನಿಮಾ ಓದೋಕೆ ಲಂಡನ್ನಿನ ಸೇಂಟ್ ಮಾರ್ಟಿನ್ಸ್ ಕಲಾ ಕಾಲೇಜು ಸೇರಿದ. ಬ್ಯಾಂಡ್ ಅರೆಜೀವವಾಗಿತ್ತು. ಬಡವರ ಹಾಗೆ ಬದುಕಿ ನೋಡಬೇಕು ಅನ್ನುತ್ತಿದ್ದ ಹುಡುಗಿ ಸಿಕ್ಕಿದ್ದು ಅಲ್ಲೇ. ಆಮೇಲೆ ಹಳೇ ರೆಕಾರ್ಡುಗಳನ್ನು ಮಾರಿ ಒಂದು ಪುಟ್ಟ ಕ್ಯಾಸಿಯೋ ಕೀಬೋರ್ಡ್ ತಂದು, ಅದರಲ್ಲಿ ಒಂದು ಟ್ಯೂನ್ ಕುಟ್ಟಿದ. ಬ್ಯಾಂಡಿನಲ್ಲೇ ಕೆಲವರು ನಕ್ಕರು. ಕೀಬೋರ್ಡ್ ನುಡಿಸುವ ಕ್ಯಾಂಡಿಡಾ ಡಾಯ್ಲ್‌ಗೆ ಹಿಡಿಸಿತು. ಆ ಹುಡುಗಿಯ ಕಥೆ ಸೇರಿ ಅದೇ 'ಕಾಮನ್ ಪೀಪಲ್' ಅನ್ನುವ ಹಾಡಾಯಿತು.

1995ರ ಜೂನ್‌ನಲ್ಲಿ ಸ್ಟೋನ್ ರೋಸಸ್ ಅನ್ನುವ ಇನ್ನೊಂದು ಬ್ಯಾಂಡಿನ ಗಿಟಾರಿಸ್ಟ್ ಸೈಕಲ್‌ನಿಂದ ಬಿದ್ದು ಕಾಲರ್‌ಬೋನ್ ಮುರಿದುಕೊಂಡ. ಗ್ಲಾಸ್ಟನ್‌ಬರಿ ಸಂಗೀತ ಉತ್ಸವದ ಸ್ಟೇಜಿಗೆ ಅವರ ಜಾಗದಲ್ಲಿ ಪಲ್ಪ್ ಹತ್ತಿತು, ಇಡೀ ಮೈದಾನ ಆ ಹಾಡು ಹಾಡಿತು.

ಆದರೂ ಬ್ರಿಟನ್ನಿನ ಜನಪ್ರಿಯ ಹಾಡುಗಳ ಚಾರ್ಟಿನಲ್ಲಿ ಈ ಹಾಡು ಎರಡನೇ ಸ್ಥಾನ ದಾಟಲಿಲ್ಲ. ತಡೆದದ್ದು ಯಾರು ಗೊತ್ತಾ? ಟೀವಿ ಧಾರಾವಾಹಿಯಲ್ಲಿ ಸೈನಿಕರ ಪಾತ್ರ ಮಾಡುತ್ತಿದ್ದ ಇಬ್ಬರು ನಟರು, ಅದೂ ಒಂದು ಹಳೇ ಹಾಡನ್ನು ಮತ್ತೆ ಹಾಡಿ.