ಹತ್ತೊಂಬತ್ತನೆಯ ಗೇಟು ಮತ್ತು ನನ್ನ ವಹಿ

ಕೊಪ್ಪಳ, ರವಿವಾರ, 18 ಆಗಸ್ಟ್ 2024
ಶ್ರಾವಣ ಶುದ್ಧ ಚತುರ್ದಶಿ

ತುಂಗಭದ್ರಾ ಜಲಾಶಯದ ಹತ್ತೊಂಬತ್ತನೆಯ ಗೇಟಿನ ಜಾಗದಲ್ಲಿ ಉಕ್ಕಿನ ತಡೆಗಳನ್ನು ಇಳಿಸುವ ಕೆಲಸ ನಿನ್ನೆ ಮುಗಿಯಿತು. ಹಿಂದಿನ ಶನಿವಾರ, ಅಂದರೆ 10ನೆಯ ತಾರೀಖಿನ ರಾತ್ರಿ, ಸರಪಳಿ ತುಂಡಾಗಿ ಆ ಗೇಟು ಕೊಚ್ಚಿಹೋದಂದಿನಿಂದ ನಮ್ಮ ಮನೆಯಲ್ಲಿ ಯಾರಿಗೂ ಸರಿಯಾಗಿ ನಿದ್ದೆ ಇರಲಿಲ್ಲ. ಕಾರಟಗಿ ಕಡೆ ಭತ್ತ ನಾಟಿ ಮಾಡಿಸಿದ್ದ ನನ್ನ ತಮ್ಮ ದಿನಕ್ಕೆ ಎರಡು ಬಾರಿ ಫೋನ್ ಮಾಡಿ, "ಅಕ್ಕ, ನೀರು ಹಿಂಗ ಹೋದ್ರ ಬೆಳಿ ಕೈಗೆ ಹತ್ತೂದಿಲ್ಲ" ಎಂದಷ್ಟೇ ಹೇಳಿ ಸುಮ್ಮನಾಗುತ್ತಿದ್ದ. ಆ ಮೌನವನ್ನು ಕೇಳುವುದೇ ಕಷ್ಟವಾಗಿತ್ತು.

ಈ ವರ್ಷದ ಯುಗಾದಿಯಿಂದ ನಾನೊಂದು ಕೃತಜ್ಞತೆಯ ವಹಿ ಇಟ್ಟಿದ್ದೇನೆ. ರಾಬರ್ಟ್ ಎಮನ್ಸ್ ಮತ್ತು ಮೈಕೇಲ್ ಮೆಕಲಾ ಎಂಬ ಅಮೆರಿಕದ ಮನಶ್ಶಾಸ್ತ್ರಜ್ಞರು 2003ರಲ್ಲಿ ಪ್ರಕಟಿಸಿದ ಅಧ್ಯಯನದ ವಿಷಯ ಓದಿದ್ದೇ ಅದಕ್ಕೆ ಪ್ರೇರಣೆ. ಅವರು ಹತ್ತು ವಾರಗಳ ಕಾಲ ವಿದ್ಯಾರ್ಥಿಗಳ ಒಂದು ಗುಂಪಿಗೆ ಕೃತಜ್ಞತೆ ಹುಟ್ಟಿಸಿದ ಸಂಗತಿಗಳನ್ನು, ಇನ್ನೊಂದು ಗುಂಪಿಗೆ ಕಿರಿಕಿರಿಗಳನ್ನು, ಮೂರನೆಯದಕ್ಕೆ ಸಾಮಾನ್ಯ ಘಟನೆಗಳನ್ನು ವಾರಕ್ಕೊಮ್ಮೆ ಬರೆಯಲು ಹೇಳಿದ್ದರು. ಮೊದಲನೆಯ ಗುಂಪಿನವರಿಗೆ ತಮ್ಮ ಬದುಕಿನ ಬಗ್ಗೆ ಹೆಚ್ಚಿನ ಸಮಾಧಾನವಿತ್ತು, ಮುಂಬರುವ ವಾರದ ಬಗ್ಗೆ ಭರವಸೆಯೂ ಹೆಚ್ಚಿತ್ತು. ನಾನು ವಾರಕ್ಕೊಮ್ಮೆ ಸಾಲದೆಂದು ದಿನವೂ ಬರೆದೆ. ಆರೋಗ್ಯ, ಮನೆ, ಮಕ್ಕಳು ಎಂದು ಮೊದಲ ವಾರ ಬರೆದದ್ದನ್ನೇ ಹತ್ತನೆಯ ವಾರವೂ ಬರೆಯುತ್ತಿದ್ದೆ. ಕೈ ಅಕ್ಷರ ಮೂಡಿಸುತ್ತಿರುವಾಗ ಮನಸ್ಸು ಕುಕ್ಕರಿನ ಸೀಟಿಯನ್ನು ಎಣಿಸುತ್ತಿರುತ್ತಿತ್ತು.

11ನೆಯ ತಾರೀಖಿನ ಬೆಳಿಗ್ಗೆ ವಹಿಯನ್ನು ತೆರೆದು ಹಿಂದಿನ ಪುಟಗಳನ್ನು ತಿರುವಿ ನೋಡಿದೆ. ನಾಲ್ಕು ತಿಂಗಳಲ್ಲಿ ನೀರು ಎಂಬ ಶಬ್ದ ಒಮ್ಮೆಯೂ ಬಂದಿರಲಿಲ್ಲ. ಅಣೆಕಟ್ಟು ಕಟ್ಟಿ ಮುಗಿದದ್ದು 1953ರಲ್ಲಿ. ನಾನು ಹುಟ್ಟುವ ಮೊದಲಿನಿಂದಲೂ ಆ ನೀರು ಎಡದಂಡೆಯ ಕಾಲುವೆಯಲ್ಲಿ ಹರಿದು ನಮ್ಮ ತವರಿನ ಗದ್ದೆಗೆ ಬಂದಿದೆ, ಕೊಪ್ಪಳದ ನಮ್ಮ ಮನೆಯ ನಳದಲ್ಲಿ ಬರುವುದೂ ಅದೇ ನದಿಯ ನೀರು. ಹುಲಿಗೆಮ್ಮನ ದರ್ಶನಕ್ಕೆ ಹೋದಾಗಲೆಲ್ಲ ಮುನಿರಾಬಾದಿನ ಕಡೆಯಿಂದ ಆ ಕಟ್ಟೆಯನ್ನು ನೋಡಿದ್ದೇನೆ. ಆದರೆ ಅಲ್ಲಿ ಮೂವತ್ತಮೂರು ಗೇಟುಗಳಿವೆ, ಒಂದೊಂದೂ ಅರವತ್ತು ಅಡಿ ಅಗಲವಿದೆ, ಅವುಗಳನ್ನು ಸರಪಳಿಗಳು ಎತ್ತಿಹಿಡಿದಿವೆ ಎಂಬುದನ್ನು ನಾನು ತಿಳಿದುಕೊಂಡದ್ದು ಒಂದು ಗೇಟು ಇಲ್ಲವಾದ ಮೇಲೆ. ನೋಡದೆ ಬಿಟ್ಟದ್ದಕ್ಕೆ ಋಣಿಯಾಗಿರಲು ಬರುವುದಿಲ್ಲ ಎಂಬ ಮಾತು ಅಂದು ನನಗೆ ಮನದಟ್ಟಾಯಿತು. ವಹಿ ಖಾಲಿ ಖಾಲಿಯಾಗಿ ಕಂಡದ್ದು ಅದಕ್ಕೇ.

ಇನ್ನೊಂದು ವಿಷಯವನ್ನೂ ಬರೆದಿಡಬೇಕು. ವಾರವಿಡೀ ನಳ ತಿರುಗಿಸುವಾಗಲೆಲ್ಲ ನೀರಿನ ಸದ್ದು ನನ್ನ ಕಿವಿಗೆ ಸ್ಪಷ್ಟವಾಗಿ ಬೀಳುತ್ತಿತ್ತು, ಒಂದು ತಂಬಿಗೆ ಹೆಚ್ಚು ಚೆಲ್ಲಿದರೂ ಮನಸ್ಸು ಚುರುಕ್ ಎನ್ನುತ್ತಿತ್ತು. ನೀರು ನಿಂತಿತೆಂಬ ಸುದ್ದಿ ಬಂದ ಮೇಲೆ ನಿನ್ನೆ ಸಂಜೆ ಪಾತ್ರೆ ತೊಳೆಯುವಾಗ ಆ ಎಚ್ಚರ ಆಗಲೇ ಸಡಿಲವಾಗಿತ್ತು. ಭಯ ಕಲಿಸಿದ ಎಚ್ಚರ ಭಯದ ಜೊತೆಗೇ ಹೊರಟುಹೋಗುತ್ತದೆಯಾದ್ದರಿಂದ, ಏನೂ ಕೆಡದ ದಿನಗಳಲ್ಲಿ ಅದನ್ನು ರೂಢಿಸಿಕೊಳ್ಳುವ ದಾರಿ ಬೇರೆಯೇ ಇರಬೇಕು.

ಅದೇ ಯೋಚನೆಯಲ್ಲಿ ಇಂದು ನಸುಕಿನಲ್ಲಿ ಗವಿಮಠದ ಬೆಟ್ಟ ಹತ್ತಿದೆ. ಪ್ರತಿ ಹೆಜ್ಜೆಯಲ್ಲೂ ಪಾದ ಕಲ್ಲಿಗೆ ತಾಗುವುದನ್ನು, ಉಸಿರು ಒಳಗೆ ಹೋಗಿ ಬರುವುದನ್ನು ಗಮನಿಸುತ್ತ ನಡೆಯಬೇಕೆಂದುಕೊಂಡಿದ್ದೆ. ಮನಸ್ಸು ಎಷ್ಟೋ ಸಲ ಬೇರೆಡೆಗೆ ಹೋಯಿತು, ಗೊತ್ತಾದಾಗಲೆಲ್ಲ ಮರಳಿ ಪಾದಕ್ಕೆ ತಂದೆ. ಬೌದ್ಧರು ಪಾಳಿ ಭಾಷೆಯಲ್ಲಿ 'ಸತಿ', ಅಂದರೆ ಸ್ಮೃತಿ, ಎಚ್ಚರದ ಗಮನ, ಎಂದು ಕರೆಯುವುದು ಈ ಮರಳಿ ತರುವಿಕೆಯನ್ನೇ ಇರಬೇಕೆಂದು ನನಗನ್ನಿಸುತ್ತದೆ. ಬೆಟ್ಟದ ಮೇಲಿನ ಬಂಡೆಯಲ್ಲಿ ಅಶೋಕನ ಶಾಸನವಿದೆ. ನನಗೆ ಬ್ರಾಹ್ಮಿ ಓದಲು ಬಾರದು, ಪ್ರಾಕೃತವೂ ತಿಳಿಯದು. ಆದರೆ ಅದರ ಅರ್ಥವನ್ನು ಮಕ್ಕಳಿಗೆ ಪಾಠ ಮಾಡುವಾಗ ಎಷ್ಟೋ ಬಾರಿ ಹೇಳಿದ್ದೇನೆ. ಉಪಾಸಕನಾದ ಮೇಲೂ ಮೊದಲು ತಾನು ಹೆಚ್ಚು ಶ್ರಮಿಸಲಿಲ್ಲವೆಂದೂ, ಸಂಘವನ್ನು ಸೇರಿದ ಬಳಿಕ ಚೆನ್ನಾಗಿ ಶ್ರಮಿಸಿದೆನೆಂದೂ ಚಕ್ರವರ್ತಿ ಅಲ್ಲಿ ಹೇಳಿಕೊಳ್ಳುತ್ತಾನೆ. ಆ ಫಲ ದೊಡ್ಡವರಿಗೆ ಮಾತ್ರವಲ್ಲ, ಶ್ರಮಿಸಿದರೆ ಸಣ್ಣವರಿಗೂ ದೊರೆಯುತ್ತದೆ ಎನ್ನುತ್ತಾನೆ. ಪಾಠದಲ್ಲಿ ನಾನು ಸದಾ ಎರಡನೆಯ ಮಾತಿಗೆ ಒತ್ತು ಕೊಡುತ್ತಿದ್ದೆ. ಇಂದು ಮೊದಲನೆಯ ಮಾತು, ಆರಂಭದಲ್ಲಿ ತನ್ನ ಪ್ರಯತ್ನ ಸಾಲದಾಗಿತ್ತೆಂಬ ಆ ಒಪ್ಪಿಗೆ, ನನಗೆ ಹೆಚ್ಚು ಹತ್ತಿರವಾಯಿತು.

ಮನೆಗೆ ಬಂದು ಅತ್ತೆಯವರಿಗೆ ಜೋಳದ ರೊಟ್ಟಿ, ಪುಂಡಿಪಲ್ಯ ಬಡಿಸಿದೆ. ಅವರು ಉಂಡಾದ ಮೇಲೆ ಗಂಗಾಳಕ್ಕೆ ನೀರು ಹಾಕಿ, ಬೆರಳಿನಿಂದ ತೊಳೆದು, ಆ ನೀರನ್ನು ಕುಡಿಯುತ್ತಾರೆ. ಪ್ರಸಾದ ಕೆಡಿಸಬಾರದೆಂಬ ಹಳೆಯ ರೂಢಿ. ಇಪ್ಪತ್ತಾರು ವರ್ಷಗಳಿಂದ ಇದು ನನ್ನ ಕಣ್ಣೆದುರಿಗೇ ನಡೆದಿದ್ದರೂ ನಾನು ನಿಂತು ನೋಡಿದ್ದು ಇಂದೇ. ಅವರ ಬೆರಳು ಗಂಗಾಳದ ಅಂಚನ್ನು ನಿಧಾನವಾಗಿ ಒಂದು ಸುತ್ತು ಸವರಿ ಬಂತು. ಇಷ್ಟು ನಿಧಾನ ಯಾಕೆಂದು ಕೇಳಿದೆ.

"ಬಿತ್ತಿದವ್ರು, ಕೊಯ್ದವ್ರು, ಬೀಸಿದವ್ರು, ಬಡದಾಕಿ ನೀನು. ಇಷ್ಟ್ ಮಂದಿ ಕೈಯಾಗಿಂದ ಬಂದದ್ದ ಗಡಿಬಿಡಿ ಮಾಡಿ ಹೆಂಗ ತೊಳಿಲೆವ್ವಾ?" ಎಂದರು.

ನನ್ನ ವಹಿಯಲ್ಲಿ ಕೈಗಳೇ ಇರಲಿಲ್ಲ. ಹೀಗಾಗಿ ಇಂದಿನ ಪುಟದಲ್ಲಿ ಮನೆ, ಆರೋಗ್ಯ ಎಂದು ಬರೆಯದೆ ಕೆಲಸ ಮಾಡಿದವರನ್ನೇ ಬರೆದಿದ್ದೇನೆ. ತಡೆಗಳನ್ನು ಇಳಿಸುವ ಕೆಲಸಕ್ಕೆ ಮುಂದಾಳಾಗಿ ನಿಂತ ಗೇಟು ತಜ್ಞ ಕನ್ನಯ್ಯ ನಾಯ್ಡು ಅವರ ಹೆಸರು ಪತ್ರಿಕೆಗಳಲ್ಲಿ ಬಂದಿದೆ. ರಭಸದ ನೀರಿನ ಮೇಲೆ ಕ್ರೇನಿನಿಂದ ತೂಗುತ್ತಿದ್ದ ಉಕ್ಕನ್ನು ನೆಲೆಗೆ ಕೂರಿಸಿದ ಕಾರ್ಮಿಕರ ಮುಖಗಳನ್ನು ಟಿವಿಯಲ್ಲಿ ಕಂಡಿದ್ದೆನಾದ್ದರಿಂದ ಅವರ ಬಗ್ಗೆ ಕಂಡಷ್ಟನ್ನೇ ಬರೆದೆ. ಅದೇ ಪುಟದಲ್ಲಿ, ಹರಿದುಹೋದ ನೀರು ಹೋಗಿಯೇ ಹೋಯಿತು, ಎರಡನೆಯ ಬೆಳೆಯ ಚಿಂತೆ ಹಾಗೆಯೇ ಇದೆ ಎಂದೂ ಬರೆದಿದ್ದೇನೆ. ಆ ಚಿಂತೆಯನ್ನು ಮುಚ್ಚಿಟ್ಟು ಕೃತಜ್ಞತೆ ಬರೆಯುವುದು ತಮ್ಮನಿಗೆ ಮಾಡುವ ಅನ್ಯಾಯವಾಗುತ್ತಿತ್ತು.

ನಾಳೆ ನೂಲ ಹುಣ್ಣಿಮೆಗೆ ಅವನು ಬರುತ್ತಾನೆ. ಅವನ ತೂಬಿಗೆ ಕಾಲುವೆಯ ನೀರು ತಿರುಗಿಸುವ ಗ್ಯಾಂಗ್‌ಮನ್ ಯಾರೆಂದು ಕೇಳಬೇಕು. ಆ ಹೆಸರಿಗಾಗಿ ಪುಟದ ಕೆಳಗೆ ಒಂದು ಸಾಲು ಖಾಲಿ ಬಿಟ್ಟಿದ್ದೇನೆ.